ಬೋನಾಳದ ಏರಿ, ಮಂಗೋಲಿಯಾದ ಬಾತು

ಎಳ್ಳಮಾವಾಸ್ಯೆಗೆ ಬುತ್ತಿ ಕಟ್ಟಿಕೊಂಡು ಹೊಲಕ್ಕೆ ಹೋಗಿ ಚರಗ ಚೆಲ್ಲುವ ದಿನಗಳಲ್ಲಿ, ಸುರಪುರ ಸೀಮೆಗೆ ದೂರದ ಬಳಗವೊಂದು ಬಂದಿಳಿದಿರುತ್ತದೆ. ಬೂದು ಮೈ, ಬಿಳಿ ತಲೆ, ತಲೆಯ ಹಿಂಬದಿಗೆ ಎರಡು ಕಪ್ಪು ಪಟ್ಟೆ. ಪಟ್ಟೆತಲೆ ಹೆಬ್ಬಾತು ಎನ್ನುತ್ತಾರೆ. ಹಗಲು ಬೋನಾಳ ಕೆರೆಯ ನೀರಿನಲ್ಲಿ ವಿಶ್ರಾಂತಿ, ಬೆಳಗಿನ ಜಾವ ಮತ್ತು ಸಂಜೆ ಸುತ್ತಲಿನ ಹೊಲಗಳಲ್ಲಿ ಎಳೆ ಪೈರು, ಹುಲ್ಲು, ಉದುರಿದ ಕಾಳಿನ ಮೇವು.

ಕಲಬುರಗಿಯಿಂದ ಜೇವರ್ಗಿ ದಾರಿ ಹಿಡಿದು, ಕಟ್ಟಿ ಸಂಗಾವಿಯಲ್ಲಿ ಭೀಮೆಯನ್ನು ದಾಟಿ, ಶಹಾಪುರದ ಮೇಲೆ ಹೋದರೆ ಸುರಪುರ. ಅಲ್ಲಿಂದ ಹತ್ತು ಕಿ.ಮೀ. ಆಸುಪಾಸು ಬೋನಾಳ. ಈಗ ಅದು ಯಾದಗಿರಿ ಜಿಲ್ಲೆ. ಹೊಸ ಜಿಲ್ಲೆ ಆಗುವ ತನಕ ಇದು ನಮ್ಮ ಗುಲ್ಬರ್ಗ ಜಿಲ್ಲೆಯದೇ ಕೆರೆ, ಇವತ್ತಿಗೂ ಕಲಬುರಗಿಯವರು ಅದನ್ನು ಪರವೂರಿನದೆಂದು ಎಣಿಸುವುದಿಲ್ಲ. ಕೆನ್ನೀಲಿ ಬಕ, ಕರಿ ಕೆಂಬರಲು, ನಾಮದ ಕೋಳಿ, ವರಟೆ ಎಲ್ಲವೂ ಇಲ್ಲಿವೆ. ಆದರೆ ನನ್ನನ್ನು ಅಲ್ಲಿಗೆ ಎಳೆದದ್ದು ಆ ಹೆಬ್ಬಾತು ಒಂದೇ.

ಎರಡು–ಮೂರು ಕಿಲೋ ತೂಕದ ಈ ಹಕ್ಕಿ ಮಂಗೋಲಿಯಾ, ಟಿಬೆಟ್ಟು, ಕಿರ್ಗಿಸ್ತಾನಗಳ ಎತ್ತರದ ಸರೋವರಗಳಲ್ಲಿ ಮರಿ ಮಾಡುತ್ತದೆ. ಚಳಿಗಾಲಕ್ಕೆ ಹಿಮಾಲಯವನ್ನೇ ದಾಟಿ ಭಾರತಕ್ಕೆ ಬರುತ್ತದೆ. ಬೆನ್ನಿಗೆ ಉಪಗ್ರಹ ಸಂಕೇತದ ಯಂತ್ರ ಕಟ್ಟಿ ಹಿಂಬಾಲಿಸಿದ ವಿಜ್ಞಾನಿಗಳಿಗೆ 7,290 ಮೀಟರ್ ಎತ್ತರದಲ್ಲಿ ಒಂದು ಬಾತು ಸಿಕ್ಕಿತು. ಅಲ್ಲಿ ಗಾಳಿಯಲ್ಲಿ ಉಸಿರಾಟಕ್ಕೆ ಸಿಗುವ ಆಮ್ಲಜನಕ ಸಮುದ್ರಮಟ್ಟದ ಅರ್ಧಕ್ಕಿಂತ ಕಡಿಮೆ. ಇದರ ರಕ್ತದ ಹಿಮೋಗ್ಲೋಬಿನ್ ಆಮ್ಲಜನಕವನ್ನು ಬೇರೆ ಬಾತುಗಳಿಗಿಂತ ಬಿಗಿಯಾಗಿ ಹಿಡಿಯುತ್ತದೆ, ರೆಕ್ಕೆಯ ಸ್ನಾಯುಗಳಲ್ಲಿ ರಕ್ತನಾಳಗಳು ದಟ್ಟ. ಆದರೂ ಸುಮ್ಮನೆ ಆಕಾಶಕ್ಕೇರಿ ನೇರ ಹಾರುವುದಿಲ್ಲ. ಗುಡ್ಡ ಬಂದರೆ ಏರಿ, ಕಣಿವೆ ಬಂದರೆ ಇಳಿದು, ನೆಲದ ಏರಿಳಿತವನ್ನೇ ಅನುಸರಿಸುತ್ತದೆ. ತೆಳು ಗಾಳಿಯಲ್ಲಿ ಎತ್ತರ ಕಾಯ್ದುಕೊಳ್ಳುವುದಕ್ಕಿಂತ ಇಳಿದು ಮತ್ತೆ ಏರುವುದೇ ಅದಕ್ಕೆ ಅಗ್ಗ. ಕೊರಳಿಗೆ ಮಂಗೋಲಿಯಾದ ಗುರುತಿನ ಪಟ್ಟಿ ಹಾಕಿಸಿಕೊಂಡ ಬಾತುಗಳನ್ನು ಕರ್ನಾಟಕದ ಕೆರೆಗಳಲ್ಲಿ ಪಕ್ಷಿವೀಕ್ಷಕರು ಕಂಡಿದ್ದಾರೆ. ಗದಗ ಜಿಲ್ಲೆಯ ಮಾಗಡಿ ಕೆರೆ ಇದೇ ಬಾತಿನಿಂದ ಹೆಸರಾಗಿ 2024ರಲ್ಲಿ ಅಂತರರಾಷ್ಟ್ರೀಯ ಮಹತ್ವದ ಜೌಗು ನೆಲಗಳ ರಾಮ್ಸಾರ್ ಪಟ್ಟಿ ಸೇರಿತು.

ಇಷ್ಟು ದೂರ ಹಾರಿ ಬಂದದ್ದು ಎಲ್ಲಿಗೆ? ಒಂದು ನೀರಾವರಿ ಕೆರೆಗೆ. ಈ ಎರೆ ಭೂಮಿಯಲ್ಲಿ ತಾನಾಗಿ ಹುಟ್ಟಿದ ಸರೋವರ ಹುಡುಕಿದರೂ ಸಿಗುವುದು ಕಷ್ಟ. ಹಕ್ಕಿಗೆ ನೆಲೆ ಆದದ್ದೆಲ್ಲ ಯಾರೋ ಬೆಳೆಗಾಗಿ ಕಟ್ಟಿದ ಏರಿಯ ಹಿಂದೆ ನಿಂತ ನೀರು. ಬೋನಾಳದ ಏರಿಯನ್ನು 17ನೇ ಶತಮಾನದಲ್ಲಿ ಸುರಪುರದ ನಾಯಕ ಅರಸ ಪಾಮನಾಯಕ ಕಟ್ಟಿಸಿದನೆಂದು ಹೇಳುತ್ತಾರೆ. 19ನೇ ಶತಮಾನದಲ್ಲಿ ಅದನ್ನು ಸುಧಾರಿಸಿದವನು ಫಿಲಿಪ್ ಮೆಡೋಸ್ ಟೇಲರ್. ಬಾಲ ದೊರೆ ವೆಂಕಟಪ್ಪ ನಾಯಕನ ಕಾಲದಲ್ಲಿ, 1841ರಿಂದ 1853ರವರೆಗೆ, ಸುರಪುರದ ಆಡಳಿತ ನೋಡಿಕೊಂಡ ಆಂಗ್ಲ ಅಧಿಕಾರಿ. ಕಾದಂಬರಿಕಾರನೂ ಹೌದು. ಜನ ಅವನನ್ನು ‘ಮಹಾದೇವ ಬಾಬಾ’ ಎಂದು ಕರೆದರು. ಸುರಪುರದ ಗುಡ್ಡದ ಮೇಲಿನ ಅವನ ಬಂಗಲೆ ಟೇಲರ್ ಮಂಜಿಲ್ ನೋಡಲು ಹೋದವರು ಕೆರೆಯನ್ನೂ ನೋಡಬೇಕು. ಬಂಗಲೆಗಿಂತ ದೊಡ್ಡ ಕೆಲಸ ಅದು.

ಏರಿ ಕಟ್ಟಿದ ಕೈಗಳು ಹಕ್ಕಿಯನ್ನು ನೆನೆಸಿರಲಿಲ್ಲ. ಹಾಗಾಗಿಯೇ ಬರಿ ಪಕ್ಷಿಧಾಮದ ಫಲಕ ನೆಟ್ಟು ಬಾತನ್ನು ಉಳಿಸಲಾಗದು. ಕೆರೆಗೆ ನೀರು ತರುವ ಹಳ್ಳಗಳು ತೆರೆದಿರಬೇಕು, ಹೂಳು ತೆಗೆದಾಗಲೂ ಅಂಚಿನ ಆಳವಿಲ್ಲದ ಕೆಸರು ಉಳಿಯಬೇಕು, ಕಡೆಯ ಬೆಳೆಗೆ ಬಿಟ್ಟ ಮೇಲೂ ಫೆಬ್ರುವರಿ ತನಕ ಒಂದಿಷ್ಟು ನೀರು ನಿಲ್ಲಬೇಕು. ನಾರಾಯಣಪುರ ಎಡದಂಡೆ ಕಾಲುವೆ ಬಂದಮೇಲೆ ಈ ಸೀಮೆಗೆ ಭತ್ತ ಬಂದಿದೆ, ಜೊತೆಗೆ ಭತ್ತಕ್ಕೆ ಹೊಡೆಯುವ ಔಷಧವೂ. ಹೊಲದ ನೀರು ಬಸಿದು ಸೇರುವುದು ತಗ್ಗಿನ ಕೆರೆಗೇ. ಪೈರು ಮೇಯುವ ಬಾತನ್ನು ಸಹಿಸಿಕೊಂಡ ರೈತನಿಗೆ ಪರಿಹಾರದ ಒಂದು ಮಾತಾದರೂ ಸಿಗಬೇಡವೇ?

ಇಂಥದೇ ಕಟ್ಟಿ ನಿಲ್ಲಿಸಿದ ನೀರು ಕಲಬುರಗಿಯ ಮಗ್ಗುಲಿನ ಕಮಲಾಪುರದಲ್ಲೂ ಇದೆ. ಕೆಂಪು ಬಾಳೆಯಿಂದ ಹೆಸರಾದ ಆ ತಾಲ್ಲೂಕಿನ ಬೆಳಕೋಟಾದಲ್ಲಿ ಗಂಡೋರಿ ನಾಲೆಗೆ ಅಣೆಕಟ್ಟೆ ಇದೆ. ಆ ನೀರು ಬೆಣ್ಣೆತೊರೆಗೆ, ಬೆಣ್ಣೆತೊರೆ ಕಾಗಿಣಾಕ್ಕೆ, ಕಾಗಿಣಾ ಭೀಮೆಗೆ ಸೇರುತ್ತದೆ. ಪಕ್ಕದ ಚಿಂಚೋಳಿಯ ಕಾಡಿಗೆ 2011ರಲ್ಲಿ ವನ್ಯಜೀವಿಧಾಮದ ರಕ್ಷಣೆ ಸಿಕ್ಕಿತು. ಬೆಳಕೋಟಾದ ಹಿನ್ನೀರು ಮಾತ್ರ ನೀರಾವರಿ ಲೆಕ್ಕದಲ್ಲೇ ಉಳಿದಿದೆ. ನೀರಿಳಿದಂತೆ ಬಿಚ್ಚಿಕೊಳ್ಳುವ ಕೆಸರಿನ ಅಂಚು ವಲಸೆ ಹಕ್ಕಿಗೆ ಬೇಕಾದ ಜಾಗವೇ.

ಪ್ರತಿ ಜನವರಿಯಲ್ಲಿ ಏಷ್ಯಾದ ನೀರುಹಕ್ಕಿಗಳ ಗಣತಿ ನಡೆಯುತ್ತದೆ. 1987ರಲ್ಲಿ ಶುರುವಾದದ್ದು, ಸ್ವಯಂಸೇವಕರೇ ಮಾಡುವುದು. ಒಂದು ದುರ್ಬೀನು, ಒಂದು ನೋಟ್‌ಬುಕ್ಕು, ಒಂದು ಬೆಳಗ್ಗೆ ಇದ್ದರೆ ಸಾಕು. ಕಲಬುರಗಿಯ ಕಾಲೇಜು ಹುಡುಗರು ನಗರದೊಳಗಿನ ಅಪ್ಪನ ಕೆರೆಯಿಂದಲೇ ಶುರುಮಾಡಿ ಬೆಳಕೋಟಾದ ತನಕ ಎಣಿಸುತ್ತ ಹೋಗಲಿ ಎಂಬುದು ನನ್ನ ಬಹುದಿನದ ಆಸೆ. ನಾಲ್ಕಾರು ವರ್ಷದ ಲೆಕ್ಕ ಕೈಯಲ್ಲಿದ್ದರೆ, ಕಾಲುವೆಗೆ ನೀರು ಬಿಡುವ ಸಭೆಯಲ್ಲಿ ಹಕ್ಕಿಯ ಪಾಲನ್ನೂ ಕೇಳಬಹುದು.