ಚೌಕಿಯ ಬಣ್ಣ, ಬಾಟಲಿಯ ಬಣ್ಣ

ಬಂಟ್ವಾಳದ ಬಿ.ಸಿ. ರೋಡಿನಲ್ಲಾಗಲಿ, ಬೆಳ್ತಂಗಡಿ ಪೇಟೆಯಲ್ಲಾಗಲಿ, ಮೂಡುಬಿದಿರೆಯಲ್ಲಾಗಲಿ, ಮದುವೆಯ ದಿನಗಳಲ್ಲಿ ಫ್ಯಾನ್ಸಿ ಅಂಗಡಿಯೊಳಗೆ ಕಾಣುವ ನೋಟ ಹೆಚ್ಚುಕಡಿಮೆ ಒಂದೇ. ಮದುಮಗಳ ಅಕ್ಕನೋ ಚಿಕ್ಕಮ್ಮನೋ ಫೌಂಡೇಶನ್ ಬಾಟಲಿಯ ಮುಚ್ಚಳ ತೆಗೆದು, ಒಂದು ಹನಿಯನ್ನು ಮುಂಗೈಗೆ ಹಚ್ಚಿ, ಅಂಗಡಿಯ ಟ್ಯೂಬ್‌ಲೈಟಿನ ಕೆಳಗೆ ತಿರುಗಿಸಿ ನೋಡುತ್ತಾರೆ. ಮತ್ತೆ ಬರುವ ಪ್ರಶ್ನೆಯೂ ಗೊತ್ತಿದ್ದದ್ದೇ: "ಇದಕ್ಕಿಂತ ಸ್ವಲ್ಪ ಬಿಳಿ ಬರುವುದು ಇಲ್ವಾ?" ಅಂಗಡಿಯವರು ಇನ್ನೊಂದು ಬಾಟಲಿ ತೆಗೆದು ಕೊಡುತ್ತಾರೆ. ಮದುವೆ ಮುಗಿದು ಆಲ್ಬಮ್ ಮನೆಗೆ ಬಂದಾಗ ಮದುಮಗಳ ಮುಖ ಒಂದು ಬಣ್ಣ, ಕುತ್ತಿಗೆ ಇನ್ನೊಂದು ಬಣ್ಣ, ಮದರಂಗಿ ಹಚ್ಚಿದ ಕೈ ಮತ್ತೊಂದು ಬಣ್ಣ.

ವಿಚಿತ್ರವೆಂದರೆ, ಮುಖಕ್ಕೆ ಯಾವ ಅಡಿಬಣ್ಣ ಹಿಡಿಯುತ್ತದೆ ಎಂಬುದನ್ನು ತಲೆಮಾರುಗಳಿಂದ ಬಲ್ಲ ಜನ ಇದೇ ಊರುಗಳಲ್ಲಿದ್ದಾರೆ. ದೀಪಾವಳಿ ಕಳೆದ ಮೇಲೆ ಹೊರಟು, ಮೇ ತಿಂಗಳ ಕೊನೆಯ ವಾರದಲ್ಲಿ ಬರುವ ಪತ್ತನಾಜೆಯವರೆಗೆ ತಿರುಗಾಟ ಮಾಡುವ ಯಕ್ಷಗಾನದ ವೇಷಧಾರಿಗಳು ಅವರು. ಬೆಳ್ತಂಗಡಿ ತಾಲೂಕಿನಲ್ಲೇ ಧರ್ಮಸ್ಥಳ ಮೇಳವಿದೆ. ಮೂಡುಬಿದಿರೆಗೆ ಹತ್ತಿರದ ಕಟೀಲಿನಿಂದ ಹಲವು ಮೇಳಗಳು ಹೊರಡುತ್ತವೆ. ವರ್ಷದಲ್ಲಿ ಆರು ತಿಂಗಳು, ದಿನ ಬಿಡದೆ ಮುಖಕ್ಕೆ ಬಣ್ಣ ಹಚ್ಚುವವರ ಕೈಗೆ ತಿಳಿದಿರುವಷ್ಟು ಯಾವ ಜಾಹೀರಾತಿಗೂ ತಿಳಿದಿರಲಾರದು.

ಚೌಕಿಯ ಒಳಗೆ ಹೋಗಿ ನೋಡಿದವರಿಗೆ ಆ ಕ್ರಮ ಗೊತ್ತು. ನೆಲದಲ್ಲಿ ಸಾಲಾಗಿ ಕುಳಿತ ವೇಷಧಾರಿಗಳು, ಪ್ರತಿಯೊಬ್ಬರ ಎದುರಿಗೂ ಒಂದೊಂದು ಪೆಟ್ಟಿಗೆ, ಕೈಯಲ್ಲಿ ಪುಟ್ಟ ಕನ್ನಡಿ. ಕೇರಳದ ಕಥಕಳಿಯಲ್ಲಿ ಚುಟ್ಟಿ ಇಡುವುದಕ್ಕೆ ಬೇರೆಯೇ ಕಲಾವಿದ ಇರುತ್ತಾನೆ, ನಟ ಅಂಗಾತ ಮಲಗಿರುತ್ತಾನೆ. ತೆಂಕುತಿಟ್ಟಿನಲ್ಲಿ ಹಾಗಲ್ಲ. ತನ್ನ ಮುಖ ತಾನೇ ಬರೆದುಕೊಳ್ಳಬೇಕು. ರಾಕ್ಷಸ ಪಾತ್ರದ ಬಣ್ಣದ ವೇಷದವರು ಅಕ್ಕಿಹಿಟ್ಟು, ಸುಣ್ಣ ಕಲಸಿದ ಚುಟ್ಟಿಯನ್ನು ಕಡ್ಡಿಯಿಂದ ಮುಳ್ಳುಮುಳ್ಳಾಗಿ ಇಟ್ಟುಕೊಳ್ಳುವುದಕ್ಕೇ ಗಂಟೆಗಟ್ಟಲೆ ಕೂರುತ್ತಾರೆ. ಚಂದ್ರಗಿರಿ ಅಂಬು, ಬಣ್ಣದ ಮಾಲಿಂಗ ಅವರಂಥವರ ಹೆಸರು ಇಂದಿಗೂ ಉಳಿದಿರುವುದು ರಂಗದ ಅಬ್ಬರಕ್ಕೆ ಮಾತ್ರವಲ್ಲ, ಈ ಮುಖವರ್ಣಿಕೆಗೂ ಹೌದು.

ಆದರೆ ಇಲ್ಲಿ ಗಮನಿಸಬೇಕಾದದ್ದು ಬಣ್ಣದ ವೇಷವನ್ನಲ್ಲ. ಪುಂಡುವೇಷ, ರಾಜವೇಷ, ಸ್ತ್ರೀವೇಷಗಳಿಗೆ ಮೊದಲು ಹಚ್ಚುವ ಅಡಿಬಣ್ಣವನ್ನು. ಸಫೇತದ ಬಿಳಿ, ಅದಕ್ಕೆ ಸ್ವಲ್ಪ ಹಳದಿ, ಸ್ವಲ್ಪ ಕೆಂಪು, ಇವನ್ನು ತೆಂಗಿನೆಣ್ಣೆಯಲ್ಲಿ ಅಂಗೈ ಮೇಲೆ ಕಲಸಿ ಮುಖಕ್ಕೆ ಹಚ್ಚುತ್ತಾರೆ. ಮೇಲೆ ಪೌಡರ್ ಒತ್ತಿ ಬಣ್ಣವನ್ನು ಕೂರಿಸುತ್ತಾರೆ. ಆಮೇಲೆ ಕಾಡಿಗೆಯ ಕಪ್ಪಿನಿಂದ ಹುಬ್ಬು, ಕಣ್ಣು. ಎಷ್ಟು ಹಳದಿ, ಎಷ್ಟು ಕೆಂಪು ಎಂಬುದಕ್ಕೆ ಅಳತೆಯ ಚಮಚವಿಲ್ಲ. ಪಾತ್ರ ಯಾವುದು, ಹಚ್ಚಿಕೊಳ್ಳುವವನ ಮೈಬಣ್ಣ ಯಾವುದು ಎಂಬುದೇ ಅಳತೆ. ಕಪ್ಪು ಮೈಯ ಮೇಲೆ ಬರೀ ಬಿಳಿ ಹಚ್ಚಿದರೆ ಅದು ಬಿಳಿಯಾಗಿ ಕಾಣುವುದಿಲ್ಲ, ಬೂದಿ ಬಳಿದ ಹಾಗೆ ಕಾಣುತ್ತದೆ. ಹಳದಿ, ಕೆಂಪು ಬೆರೆತಾಗಲೇ ಅದಕ್ಕೆ ಜೀವ.

ಈಗ ಫೌಂಡೇಶನ್ ಬಾಟಲಿಯ ಹಿಂಬದಿಯ ಚೀಟಿ ಓದೋಣ. ಅದರ ಕೊನೆಯ ಸಾಲಿನಲ್ಲಿ ಸಾಮಾನ್ಯವಾಗಿ 'ಸಿಐ' ಎಂದು ಬರೆದು ಐದಂಕಿಯ ಕೆಲವು ಸಂಖ್ಯೆಗಳಿರುತ್ತವೆ. 77891 ಎಂದರೆ ಟೈಟಾನಿಯಂ ಡೈಆಕ್ಸೈಡ್, ಅದು ಬಿಳಿ. 77492, 77491, 77499 ಎಂದರೆ ಕಬ್ಬಿಣದ ಆಕ್ಸೈಡುಗಳು, ಕ್ರಮವಾಗಿ ಹಳದಿ, ಕೆಂಪು, ಕಪ್ಪು. ಕೆಲವದರಲ್ಲಿ 77947 ಕೂಡ ಇರಬಹುದು. ಅದು ಸತುವಿನ ಆಕ್ಸೈಡ್, ಎಂದರೆ ಚೌಕಿಯ ಸಫೇತವೇ. ಅಗ್ಗದ್ದಿರಲಿ, ಸಾವಿರಾರು ರೂಪಾಯಿಯದ್ದಿರಲಿ, ದ್ರವ ಫೌಂಡೇಶನ್ನಿನ ಬಣ್ಣ ಬಹುಮಟ್ಟಿಗೆ ಈ ನಾಲ್ಕರ ಕೂಟ. ತೆಂಗಿನೆಣ್ಣೆಯ ಜಾಗದಲ್ಲಿ ನೀರು, ಎಣ್ಣೆ, ಸಿಲಿಕೋನುಗಳು ಬಂದಿವೆ, ಅಷ್ಟೆ. ವ್ಯತ್ಯಾಸ ಇರುವುದು ಬೇರೆ ಕಡೆ. ವೇಷಧಾರಿ ತನ್ನ ಮುಖ ನೋಡಿಕೊಂಡು ಕಲಸುತ್ತಾನೆ. ಬಾಟಲಿಯದ್ದು ಯಾರದೋ ಮುಖಕ್ಕೆ ಮೊದಲೇ ಕಲಸಿಟ್ಟದ್ದು. ಆ 'ಯಾರೋ' ಬಹಳ ಕಾಲ ಬಿಳಿಯ ತೊಗಲಿನವರೇ ಆಗಿದ್ದರು. ಗಾಯಕಿ ರಿಹಾನಾ ಹೆಸರಿನೊಂದಿಗೆ 2017ರಲ್ಲಿ ಅಮೆರಿಕದಲ್ಲಿ ಬಂದ ಫೆಂಟಿ ಬ್ಯೂಟಿ ಒಮ್ಮೆಗೇ 40 ಛಾಯೆಗಳನ್ನು ಮಾರಾಟಕ್ಕೆ ಇಟ್ಟಾಗ ಅದು ಜಗತ್ತಿಗೆ ಸುದ್ದಿಯಾಯಿತು. ಭಾರತದಲ್ಲಿ 1975ರಿಂದ ಮಾರಾಟದಲ್ಲಿದ್ದ 'ಫೇರ್ ಆ್ಯಂಡ್ ಲವ್ಲಿ' ತನ್ನ ಹೆಸರಿನಿಂದ 'ಫೇರ್' ಪದವನ್ನು ಕಳಚಿದ್ದು 2020ರಲ್ಲಿ. ಅಂಗಡಿಯ ಕೌಂಟರಿನಲ್ಲಿ "ಸ್ವಲ್ಪ ಬಿಳಿ ಇಲ್ವಾ" ಎಂಬ ಪ್ರಶ್ನೆ ಮಾತ್ರ ಇನ್ನೂ ಹೆಸರು ಬದಲಿಸಿಲ್ಲ.

ಮೈಬಣ್ಣ ಎಂದರೆ ಕಪ್ಪು ಬಿಳುಪಿನ ಏಣಿಯಲ್ಲ. ಒಂದೇ ಮಟ್ಟದ ಇಬ್ಬರಲ್ಲಿ ಒಬ್ಬರ ತೊಗಲಿನ ಒಳಗಿನಿಂದ ಹಳದಿ ಇಣುಕುತ್ತದೆ, ಇನ್ನೊಬ್ಬರದರಲ್ಲಿ ಕೆಂಪು. ಸೌಂದರ್ಯ ತಜ್ಞರು ಇದಕ್ಕೆ 'ಅಂಡರ್‌ಟೋನ್' ಎನ್ನುತ್ತಾರೆ. ಹೊಸ ವಿದ್ಯೆಯೇನೂ ಅಲ್ಲ. ಹೆಣ್ಣು ನೋಡಿ ಬಂದ ಅಜ್ಜಿಯರು "ಎಣ್ಣೆಗೆಂಪು", "ಗೋಧಿಬಣ್ಣ", "ಸಾದಗಪ್ಪು", "ಎಣ್ಣೆಗಪ್ಪು" ಎಂದು ಹೇಳುತ್ತಿದ್ದುದರಲ್ಲಿ ಇದೇ ವಿವೇಚನೆಯಿತ್ತು. (ಹೆಣ್ಣನ್ನು ಹಾಗೆ ತೂಗಿ ನೋಡುವುದು ಸರಿಯೇ ಎಂಬುದು ಬೇರೆ ಮಾತು, ಕಣ್ಣು ಮಾತ್ರ ಚುರುಕಾಗಿತ್ತು.) ಗೋಧಿಬಣ್ಣದವರಿಗೆ ಹಳದಿಯ ಕಡೆ ವಾಲುವ ಛಾಯೆ ಹಿಡಿಯುತ್ತದೆ. ಎಣ್ಣೆಗೆಂಪಿನವರಿಗೆ ಕೆಂಪು ಸ್ವಲ್ಪ ಮುಂದಿರಬೇಕು. ಗುಲಾಬಿ ಛಾಯೆಯ ಬಾಟಲಿಯನ್ನು ಗೋಧಿಬಣ್ಣದ ಮುಖಕ್ಕೆ ಹಚ್ಚಿದರೆ ಮೇಲೊಂದು ಪದರ ಕೂತ ಹಾಗೆಯೇ ಕಾಣುತ್ತದೆ, ಎಷ್ಟು ತೀಡಿದರೂ ಬೆರೆಯುವುದಿಲ್ಲ.

ಇನ್ನು ಬೆಳಕಿನ ವಿಚಾರ. ದೊಂದಿಯ ಬೆಳಕಿನಲ್ಲಿ ಆಟ ನಡೆಯುತ್ತಿದ್ದಾಗ ಆ ಕೆಂಪು-ಹಳದಿ ಬೆಳಕಿಗೆ ಗಾಢವಾದ ಬಣ್ಣ ಬೇಕಿತ್ತು, ಮುಖ ದೂರಕ್ಕೆ ಕಾಣಬೇಕಿತ್ತು. ಗ್ಯಾಸ್‌ಲೈಟ್ ಬಂತು, ಡೇರೆಯ ಮೇಳಗಳ ಕಾಲಕ್ಕೆ ವಿದ್ಯುದ್ದೀಪ ಬಂತು, ಈಗ ಎಲ್‌ಇಡಿ ಬಂದಿದೆ. ಬೆಳಕು ಬಿಳಿಯಾದಂತೆ ಅದೇ ಬಣ್ಣ ಬೇರೆಯಾಗಿ ಕಾಣತೊಡಗಿತು, ಪ್ಯಾನ್‌ಕೇಕ್ ಕೂಡ ಚೌಕಿಯೊಳಗೆ ಬಂತು. ಆ ಪ್ಯಾನ್‌ಕೇಕ್ ಹುಟ್ಟಿದ್ದೂ ಬೆಳಕಿನ ಕಾರಣಕ್ಕೇ. 1930ರ ದಶಕದಲ್ಲಿ ಹಾಲಿವುಡ್ಡಿಗೆ ಬಣ್ಣದ ಚಿತ್ರ ಬಂದಾಗ ಕಪ್ಪು-ಬಿಳುಪು ಚಿತ್ರದ ಹಳೆಯ ಜಿಡ್ಡಿನ ಬಣ್ಣ ತೆರೆಯ ಮೇಲೆ ಮಿರಮಿರ ಮಿಂಚತೊಡಗಿತು. ಮ್ಯಾಕ್ಸ್ ಫ್ಯಾಕ್ಟರ್ ಕಂಪೆನಿ ಅದಕ್ಕೆ ಬದಲಾಗಿ, ಒದ್ದೆ ಸ್ಪಂಜಿನಿಂದ ಹಚ್ಚುವ ಬಿಲ್ಲೆಯನ್ನು ತಯಾರಿಸಿತು. ನಟಿಯರು ಅದನ್ನು ಮನೆಗೂ ಒಯ್ಯತೊಡಗಿದಾಗ ಪೇಟೆಗೂ ಬಿಟ್ಟಿತು.

ಮದುವೆ ಹಾಲಿನ ಕ್ಯಾಮರಾ ಫ್ಲಾಶ್ ಕೂಡ ಒಂದು ಬೆಳಕೇ. ಬಿಸಿಲು ತಡೆಯುವ 'ಎಸ್‌ಪಿಎಫ್' ಇರುವ ಕೆಲವು ಫೌಂಡೇಶನ್ನುಗಳಲ್ಲಿ ಟೈಟಾನಿಯಂ, ಸತುವಿನ ಬಿಳಿ ಹೆಚ್ಚಿರುತ್ತದೆ. ಫ್ಲಾಶ್ ಬಿದ್ದೊಡನೆ ಅದು ಬೆಳಕನ್ನು ಹಿಂದಕ್ಕೆ ಎಸೆದು ಮುಖವನ್ನು ಸುಣ್ಣ ಬಳಿದಂತೆ ತೋರಿಸುತ್ತದೆ. ಆಲ್ಬಮ್ಮಿನ ಬಿಳಿಮುಖಕ್ಕೆ ಎಷ್ಟೋ ಸಲ ಇದೂ ಒಂದು ಕಾರಣ. ಹಾಗೆಂದು ಹಗಲಿನ ಓಡಾಟಕ್ಕೆ ಅದು ಬೇಡವೆಂದಲ್ಲ. ಕೆನ್ನೆಯಲ್ಲಿ ಬಂಗು ಇರುವವರಿಗಂತೂ ಕಬ್ಬಿಣದ ಆಕ್ಸೈಡ್ ಇರುವ ಬಣ್ಣದ ಲೇಪ ಒಳ್ಳೆಯದೇ. ಬಂಗನ್ನು ಹೆಚ್ಚಿಸುವ ಕಣ್ಣಿಗೆ ಕಾಣುವ ಬೆಳಕನ್ನೂ ಅದು ಸ್ವಲ್ಪಮಟ್ಟಿಗೆ ತಡೆಯುತ್ತದೆ.

ಬಣ್ಣ ಹಿಡಿದರೆ ಸಾಲದು, ಮೈಗೆ ಆಗಬೇಕು. ಈ ಮಾತಿನ ಹಿಂದೆ ನೋವಿನ ಚರಿತ್ರೆಯಿದೆ. 'ಸಫೇತ' ಎಂಬುದು ಪಾರಸಿ ಮೂಲದ ಮಾತು, ಬಿಳಿ ಎಂದಷ್ಟೇ ಅರ್ಥ. ಪೇಟೆಯಲ್ಲಿ ಆ ಹೆಸರು ಸತುವಿನ ಬಿಳಿಗೂ ಇತ್ತು, ಸೀಸದ ಬಿಳಿಗೂ ಇತ್ತು. ಮೊದಲನೆಯದು ಶಿಶುಗಳ ಮುಲಾಮಿಗೂ ಹಾಕುವಂಥದ್ದು. ಎರಡನೆಯದು ವಿಷ. ಜಗತ್ತಿನ ಹಲವು ರಂಗಭೂಮಿಗಳು ಸೀಸದ ಬಿಳಿಯನ್ನು ಬಳಸುತ್ತಿದ್ದವು, ಏಕೆಂದರೆ ಅದು ಮುಖಕ್ಕೆ ಚೆನ್ನಾಗಿ ಹಿಡಿಯುತ್ತಿತ್ತು. ಜಪಾನಿನಲ್ಲಿ 1887ರಲ್ಲಿ ಚಕ್ರವರ್ತಿಯ ಮುಂದೆ ಕಬುಕಿ ಆಡುತ್ತಿದ್ದ ನಕಮುರಾ ಫುಕುಸುಕೆ ಎಂಬ ಹೆಸರಾಂತ ನಟನ ಕಾಲು ರಂಗದ ಮೇಲೆಯೇ ನಡುಗತೊಡಗಿತು. ವರ್ಷಗಟ್ಟಲೆ ಹಚ್ಚಿದ ಸೀಸದ ಫಲ ಅದು. ಜರ್ಮನಿಯಲ್ಲಿ ಸ್ವತಃ ಗಾಯಕನಾಗಿದ್ದ ಲುಡ್ವಿಗ್ ಲೀಷ್ನರ್ 1870ರ ದಶಕದಲ್ಲಿ ಸೀಸವಿಲ್ಲದ ಬಣ್ಣದ ಕಡ್ಡಿಗಳನ್ನು ಮಾಡಿ ಮಾರತೊಡಗಿದ ಮೇಲೆ ಯುರೋಪಿನ ನಟರು ಉಸಿರಾಡಿದರು.

ಕರಾವಳಿಯ ಬಣ್ಣದ ಪೆಟ್ಟಿಗೆಯೂ ಪೂರ್ತಿ ನಿರಪಾಯವಾಗಿರಲಿಲ್ಲ. ಹಳದಿಗೆ ಅರದಾಳ, ಕೆಂಪಿಗೆ ಇಂಗಳೀಕ. ಸಂಸ್ಕೃತದ ಹರಿತಾಳವೇ ಅರದಾಳ, ಅದು ಗಂಧಕದೊಂದಿಗೆ ಕೂಡಿದ ಆರ್ಸೆನಿಕ್. ಇಂಗಳೀಕವೆಂದರೆ ಗಂಧಕ ಕೂಡಿದ ಪಾದರಸ. ಭೂತಕೋಲದಲ್ಲಿ ದೈವ ಕಟ್ಟುವವರ ಮುಖಕ್ಕೆ ಬರುವ ಆ ಹೊಳೆಯುವ ಹಳದಿ ಅರದಾಳದ್ದೇ. ಪಂಬದ, ಪರವ, ನಲಿಕೆ ಸಮುದಾಯಗಳವರು ತಲೆಮಾರುಗಳಿಂದ ಇದನ್ನು ಅರೆದು ಹಚ್ಚುತ್ತ ಬಂದಿದ್ದಾರೆ. ಆ ಬಣ್ಣಕ್ಕೆ ಅಲ್ಲಿ ಇರುವ ಅರ್ಥ ಬೇರೆ, ಅದನ್ನು ಸೌಂದರ್ಯ ಸಾಧನವೆಂದು ಎಣಿಸುವಂತಿಲ್ಲ. ಈ ಎರಡು ಖನಿಜಗಳೂ ನೀರಿನಲ್ಲಿ ಸುಲಭವಾಗಿ ಕರಗುವಂಥವಲ್ಲವಾದ್ದರಿಂದ ಒಂದು ರಾತ್ರಿಯಲ್ಲಿ ಯಾರನ್ನೂ ಕೆಡವುವುದಿಲ್ಲ. ಆದರೆ ಅರದಾಳ ಬೆಳಕಿಗೂ ತೇವಕ್ಕೂ ನಿಧಾನವಾಗಿ ಒಡೆದು ಇನ್ನಷ್ಟು ವಿಷದ ರೂಪಕ್ಕೆ ತಿರುಗುತ್ತದೆ. ಬೆವರು, ಬಾಯಿ, ಕಣ್ಣು, ಆರು ತಿಂಗಳ ತಿರುಗಾಟ, ಇವನ್ನೆಲ್ಲ ಕೂಡಿಸಿ ಲೆಕ್ಕ ಹಾಕಬೇಕು. ಭಾರತದ 2020ರ ಸೌಂದರ್ಯವರ್ಧಕ ನಿಯಮಗಳು ಬಣ್ಣಕ್ಕಾಗಿ ಸೀಸ, ಆರ್ಸೆನಿಕ್ ಸಂಯುಕ್ತಗಳನ್ನು ಬಳಸಬಾರದೆನ್ನುತ್ತವೆ, ಪಾದರಸವನ್ನೂ ತಡೆಯುತ್ತವೆ. ಆದರೆ ಪೊಟ್ಟಣ ಕಟ್ಟಿ ಬಿಡಿಯಾಗಿ ಮಾರುವ ಪುಡಿಯ ಮೇಲೆ ಚೀಟಿಯೇ ಇರುವುದಿಲ್ಲ. ಈಗ ಶಾಲೆಶಾಲೆಗಳಲ್ಲಿ ಮಕ್ಕಳು, ಅದರಲ್ಲೂ ಹುಡುಗಿಯರು, ಯಕ್ಷಗಾನ ಕಲಿಯುತ್ತಿದ್ದಾರೆ. ವಾರ್ಷಿಕೋತ್ಸವದ ದಿನ ಮಗುವಿನ ಮುಖಕ್ಕೆ ಬರುವ ಹಳದಿ ಯಾವುದು, ಕೆಂಪು ಯಾವುದು ಎಂದು ಹೆತ್ತವರು ಕೇಳಿದರೆ ಯಾರೂ ಬೇಸರಿಸಬೇಕಾಗಿಲ್ಲ.

ಬಾಟಲಿಯ ಫೌಂಡೇಶನ್ನಿನಲ್ಲಿ ಇಂಥ ಭಯ ಕಡಿಮೆ, ಹೆಸರಿಲ್ಲದ ಅಗ್ಗದ ಮಾಲನ್ನು ಬಿಟ್ಟರೆ. ಅಲ್ಲಿಯ ತೊಂದರೆ ಮೊಡವೆ, ತುರಿಕೆಗಳದ್ದು. ಹೊಸ ಬಾಟಲಿಯ ಒಂದು ಹನಿಯನ್ನು ಮೊಣಕೈಯ ಒಳಮಡಿಕೆಗೋ ಕಿವಿಯ ಹಿಂದಕ್ಕೋ ಹಚ್ಚಿ ಎರಡು ದಿನ ನೋಡುವುದು ಸುಲಭ ಪರೀಕ್ಷೆ. ಮದುವೆಯ ಹಿಂದಿನ ದಿನ ಕೊಂಡರೆ ಅದಕ್ಕೆ ಸಮಯವಿರುವುದಿಲ್ಲ.

ಕರಾವಳಿಯ ಸೆಕೆಯನ್ನೂ ಮರೆಯುವಂತಿಲ್ಲ. ಏಪ್ರಿಲ್-ಮೇ ತಿಂಗಳಲ್ಲಿ, ಮದುವೆಗಳು ಹೆಚ್ಚಿರುವಾಗಲೇ, ಗಾಳಿಯಲ್ಲಿ ನೀರು ತುಂಬಿರುತ್ತದೆ, ಬೆವರು ಆರುವುದಿಲ್ಲ. ಎಣ್ಣೆಮುಖದವರು ಎಣ್ಣೆಯಂಶ ಹೆಚ್ಚಿರುವ ಫೌಂಡೇಶನ್ ಹಚ್ಚಿದರೆ ಧಾರೆಯ ಮುಹೂರ್ತದ ಹೊತ್ತಿಗೆ ಅದು ಮೂಗಿನ ಪಕ್ಕದಲ್ಲಿ ಇಳಿದಿರುತ್ತದೆ. ಇಂಥವರಿಗೆ ನೀರಿನಂಶ ಹೆಚ್ಚಿರುವ, ಹೊಳಪಿಲ್ಲದ 'ಮ್ಯಾಟ್' ಬಗೆ ಸರಿ, ಅದೂ ತೆಳುವಾಗಿ. ಒಣ ಚರ್ಮದವರಿಗೆ ಅದೇ ಮ್ಯಾಟ್ ಸೀಳು ಸೀಳಾಗಿ ನಿಲ್ಲುತ್ತದೆ. ಅವರು ಮೊದಲು ತೇವಾಂಶದ ಕ್ರೀಮ್ ಹಚ್ಚಿ, ಮೇಲೆ ಕೆನೆಯಂಥ ಬಗೆಯದನ್ನು ಬಳಸಬೇಕು. ವೇಷಧಾರಿಗೆ ತೆಂಗಿನೆಣ್ಣೆ ಆಗುತ್ತದಲ್ಲ ಎಂದು ಯಾರಾದರೂ ಕೇಳಬಹುದು. ಬೆಳಿಗ್ಗೆ ಅವನ ಬಣ್ಣ ತೆಗೆಯುವುದೂ ತೆಂಗಿನೆಣ್ಣೆಯೇ. ಜಿಡ್ಡನ್ನು ಜಿಡ್ಡೇ ಕರಗಿಸಬೇಕು, ನೀರಿಗೆ ಅದು ಬಗ್ಗುವುದಿಲ್ಲ. ಮೊಡವೆಯ ಮುಖದವರಿಗೆ ಮಾತ್ರ ಆ ಎಣ್ಣೆಯೇ ರಂಧ್ರ ಮುಚ್ಚಿ ಕಾಟ ಕೊಡುತ್ತದೆ. ಅಂಥವರು ಎಣ್ಣೆಯಿಂದ ಒರೆಸಿದ ಮೇಲೆ ಸೌಮ್ಯವಾದ ಸಾಬೂನಿನಿಂದ ತೊಳೆದು ಪೂರ್ತಿ ತೆಗೆಯಬೇಕು. ಬಣ್ಣ ಹಚ್ಚಿಕೊಂಡೇ ಮಲಗುವುದಂತೂ ಯಾವ ಚರ್ಮಕ್ಕೂ ಆಗದು.

ಅಂಗಡಿಯ ಕೌಂಟರಿಗೇ ಮರಳುವುದಾದರೆ, ಮುಂಗೈ ಬಿಸಿಲು ಕಂಡು ಮುಖಕ್ಕಿಂತ ಬೇರೆ ಬಣ್ಣಕ್ಕೆ ತಿರುಗಿರುತ್ತದೆ, ಅಲ್ಲಿ ಹಚ್ಚಿ ನೋಡಿ ಪ್ರಯೋಜನವಿಲ್ಲ. ಕೆನ್ನೆ ಮುಗಿದು ಕುತ್ತಿಗೆ ಶುರುವಾಗುವ ದವಡೆಯಂಚಿನಲ್ಲಿ ಹತ್ತಿರ ಹತ್ತಿರದ ಎರಡು ಮೂರು ಛಾಯೆಗಳನ್ನು ಗೆರೆ ಎಳೆದಂತೆ ಹಚ್ಚಬೇಕು. ಹಚ್ಚಿದೊಡನೆ ತೀರ್ಮಾನಿಸಬಾರದು, ಗಾಳಿಗೂ ಮೈಯ ಜಿಡ್ಡಿಗೂ ಕೆಲವು ಬಣ್ಣ ಹತ್ತು ನಿಮಿಷದಲ್ಲಿ ಒಂದು ಪಟ್ಟು ಗಾಢವಾಗುತ್ತದೆ. ಅಷ್ಟರಲ್ಲಿ ಬೇರೆ ಸಾಮಾನು ಕಟ್ಟಿಸಿಕೊಂಡು, ಕನ್ನಡಿ ಹಿಡಿದು ಅಂಗಡಿಯ ಬಾಗಿಲಿಗೆ, ಹಗಲು ಬೆಳಕಿಗೆ ಬಂದು ನೋಡಬೇಕು. ಮೂರು ಗೆರೆಗಳಲ್ಲಿ ಯಾವುದು ಎಲ್ಲಿದೆ ಎಂದು ಹುಡುಕಬೇಕಾಗುತ್ತದೋ, ಕಟ್ಟಿಸಿಕೊಳ್ಳಬೇಕಾದದ್ದು ಅದನ್ನು.