ಮೊದಲ ತಿರುವಿನಲ್ಲಿ ಬಿದ್ದ ಹುಡುಗ

ಯಳಂದೂರಿನಲ್ಲಿ ನನ್ನದು ಬೈಕ್ ಗ್ಯಾರೇಜು. ಬಿಳಿಗಿರಿರಂಗನ ಬೆಟ್ಟಕ್ಕೆ ಹೊರಟ ಹುಡುಗರು ನಿಲ್ಲಿಸಿ, "ಅಣ್ಣೋ, ಪಿಕಪ್ ಒಸಿ ಜಾಸ್ತಿ ಮಾಡ್ಕೊಡಿ" ಅಂತಾರೆ. ಮೀಸೆ ಮೂಡದವರೂ ಇರುತ್ತಾರೆ. ಅವರನ್ನು ಕೂರಿಸಿಕೊಂಡು ಶ್ರೇಯಸ್ ಹರೀಶನ ವಿಷಯ ಹೇಳುತ್ತೇನೆ.

ಬೆಂಗಳೂರಿನ ಹುಡುಗ. ಮಿನಿ ಜಿಪಿ ಇಂಡಿಯಾ ಬೈಕ್ ರೇಸ್ ಗೆದ್ದು, ಸ್ಪೇನಿನಲ್ಲೂ ಓಡಿಸಿ ಬಂದಿದ್ದ. 2023ರ ಆಗಸ್ಟ್ 5ರಂದು ಚೆನ್ನೈ ಹತ್ತಿರದ ಟ್ರ್ಯಾಕಿನಲ್ಲಿ ರಾಷ್ಟ್ರೀಯ ಚಾಂಪಿಯನ್‌ಷಿಪ್ ಇತ್ತು. ಬೆಳಿಗ್ಗೆ ಅರ್ಹತಾ ಸುತ್ತಿನಲ್ಲಿ ಅವನೇ ಮೊದಲು. ರೇಸ್ ಶುರುವಾಗಿ ಮೊದಲ ತಿರುವು ದಾಟುತ್ತಲೇ ಬಿದ್ದ, ತಲೆಗೆ ಪೆಟ್ಟಾಯಿತು. ರೇಸ್ ನಿಲ್ಲಿಸಿದರು, ಅಲ್ಲೇ ಸಿದ್ಧವಿದ್ದ ಆಂಬುಲೆನ್ಸಿನಲ್ಲಿ ಒಯ್ದರು. ಉಳಿಯಲಿಲ್ಲ. ವಯಸ್ಸು 13.

ಯುರೋಪಿನಲ್ಲಿ 2021ರ ಒಂದೇ ವರ್ಷ ಮೂವರು ಎಳೆಯ ಸವಾರರು ಹೀಗೇ ಹೋದರು: ಜೇಸನ್ ಡುಪಾಸ್ಕಿಯೇಗೆ 19, ಡೀನ್ ಬೆರ್ಟಾ ವಿನ್ಯಾಲೆಸ್‌ಗೆ 15, ಹ್ಯೂಗೊ ಮಿಲ್ಯಾನ್‌ಗೆ ಬರೀ 14. ಬಿದ್ದವನಿಗೆ ಹಿಂದಿನ ಬೈಕು ಬಂದು ಬಡಿಯುವುದೇ ದೊಡ್ಡ ಗಂಡಾಂತರ. ಬೈಕ್ ರೇಸಿನ ವಿಶ್ವ ಚಾಂಪಿಯನ್‌ಷಿಪ್ ಆದ ಮೋಟೋ ಜಿಪಿಯಲ್ಲಿ 2018ರಿಂದ ಏರ್‌ಬ್ಯಾಗ್ ಇರುವ ಸೂಟು ಕಡ್ಡಾಯ. ಅದು ಭುಜ, ಕೊರಳೆಲುಬು ಕಾಯುತ್ತದೆ, ಮೈಮೇಲೆ ಹಾಯುವ ಬೈಕನ್ನು ತಡೆಯಲಾರದು. ಅದಕ್ಕೇ ನಿಯಮ ವಯಸ್ಸಿನ ಕಡೆಗೆ ತಿರುಗಿತು. ವಿಶ್ವ ಚಾಂಪಿಯನ್‌ಷಿಪ್ಪಿಗೆ 2023ರಿಂದ 18 ತುಂಬಿರಬೇಕು ಎಂದರು, ಕಿರಿಯರ ರೇಸಿನಲ್ಲಿ ಬೈಕುಗಳನ್ನು ಕಡಿಮೆ ಮಾಡಿದರು. ನನ್ನ ಮಟ್ಟಿಗೆ ಇದು ಸರಿಯಾದ ತೀರ್ಮಾನ, ತಡವಾಗಿ ಬಂತು ಅಷ್ಟೆ.

ರೇಸಿನಲ್ಲೇ ಹೀಗಾದರೆ, ನಮ್ಮ ಬೆಟ್ಟದ ದಾರಿಯಲ್ಲಿ ಗುಂಬಳ್ಳಿ ಚೆಕ್‌ಪೋಸ್ಟ್ ದಾಟಿದ ಮೇಲೆ ಏನಿದೆ? ಬಾವುಟ ಬೀಸುವವರಿಲ್ಲ, ಆಂಬುಲೆನ್ಸ್ ಕಾದು ನಿಂತಿಲ್ಲ. ತಿರುವಿನಾಚೆ ಆನೆ ನಿಂತಿರಬಹುದು, ಎದುರಿಗೆ ಬಸ್ಸು ಬರಬಹುದು. ಗೇಟು ಹಾಕುವ ಮೊದಲು ಇಳಿಯಬೇಕೆಂದು ಸಂಜೆ ಹುಡುಗರು ಬಿಟ್ಟುಕೊಂಡು ಬರುತ್ತಾರೆ. ಹೆಲ್ಮೆಟ್ ಟ್ಯಾಂಕಿನ ಮೇಲೆ, ಪಟ್ಟಿ ಗಾಳಿಗೆ ಹಾರಾಡುತ್ತಿರುತ್ತದೆ. ರೇಸಿನವರ ಹೆಲ್ಮೆಟ್ಟಿನಲ್ಲಿ ಪಟ್ಟಿಯನ್ನು ಎರಡು ಉಂಗುರದೊಳಗೆ ತೂರಿಸಿ, ಹಿಂದಕ್ಕೆ ತಿರುಗಿಸಿ ಒಂದೇ ಉಂಗುರದೊಳಗಿಂದ ಎಳೆಯಬೇಕು, ಎಳೆದಷ್ಟೂ ಬಿಗಿಯಾಗುತ್ತದೆ. ಗದ್ದಕ್ಕೂ ಪಟ್ಟಿಗೂ ನಡುವೆ ಎರಡು ಬೆರಳು ಹಿಡಿದರೆ ಸಾಕು. ನನ್ನ ಬಳಿ ಬಂದವರಿಗೆ ಅದನ್ನು ನಾನೇ ಕಟ್ಟಿ ತೋರಿಸುತ್ತೇನೆ. ಪಿಕಪ್ ಮಾತ್ರ ಏರಿಸಿಕೊಡುವುದಿಲ್ಲ.

ಅಪ್ಪ ಅಮ್ಮಂದಿರಿಗೂ ಒಂದು ಮಾತು. ಮೋಟಾರು ವಾಹನ ಕಾಯ್ದೆಯ 2019ರ ತಿದ್ದುಪಡಿಯ ಪ್ರಕಾರ, 18 ತುಂಬದವರು ಗಾಡಿ ಓಡಿಸಿ ಅಪರಾಧವಾದರೆ ಪೋಷಕರಿಗೋ ಮಾಲೀಕರಿಗೋ 25,000 ರೂಪಾಯಿ ದಂಡ, ಮೂರು ವರ್ಷದವರೆಗೆ ಜೈಲು. ಗಾಡಿಯ ನೋಂದಣಿ ಒಂದು ವರ್ಷ ರದ್ದು, ಹುಡುಗನಿಗೆ 25 ಆಗುವವರೆಗೆ ಲೈಸೆನ್ಸ್ ಇಲ್ಲ. ದಯವಿಟ್ಟು ಕೀ ನಿಮ್ಮ ಹತ್ತಿರವೇ ಇಟ್ಟುಕೊಳ್ಳಿ.