ಹಳೇ ಕಾರ್ಟ್ರಿಜ್ ಬಿಟ್ಟು ಹೊರಟ ಪೊಕೆಮಾನ್‌ಗಳು

2002ರ ನವೆಂಬರ್ 21ರಂದು ಜಪಾನಿನಲ್ಲಿ ‘ಪೊಕೆಮಾನ್ ರೂಬಿ’ ಮತ್ತು ‘ಸಫೈರ್’ ಎಂಬ ಎರಡು ಆಟಗಳು ಮಾರಾಟಕ್ಕೆ ಬಂದವು. ಆ ವಾರ ಯಾವನೋ ಹುಡುಗ ಗೇಮ್ ಬಾಯ್ ಅಡ್ವಾನ್ಸ್‌ನ ಅಂಗೈಯಗಲದ ಯಂತ್ರದಲ್ಲಿ ಒಂದು ಪೊಕೆಮಾನ್ ಹಿಡಿದು, ಅದಕ್ಕೊಂದು ಮುದ್ದಿನ ಹೆಸರಿಟ್ಟು ಸಾಕಿದ್ದರೆ, ಅದೇ ಪೊಕೆಮಾನ್ ಇವತ್ತು ನಿಂಟೆಂಡೊ ಸ್ವಿಚ್‌ನಲ್ಲಿ ಆಡಿಕೊಂಡಿರಬಹುದು. ಅದರಂಥದ್ದೇ ಇನ್ನೊಂದಲ್ಲ, ಅದೇ. ಅವನಿಟ್ಟ ಹೆಸರು, ಹಿಡಿದವನ ಹೆಸರು, ಐದಂಕಿಯ ಗುರುತಿನ ಸಂಖ್ಯೆ ಎಲ್ಲವೂ ಹಾಗೇ ಇರುತ್ತವೆ. ನಡುವೆ ಯಂತ್ರಗಳು ಬದಲಾದವು, ಕಾರ್ಟ್ರಿಜ್‌ನ ಆಕಾರ ಬದಲಾಯಿತು, ಹುಡುಗ ಬೆಳೆದು ಮಕ್ಕಳ ತಂದೆಯೂ ಆಗಿರಬಹುದು. ಪೊಕೆಮಾನ್ ಮಾತ್ರ ಮನೆಯಿಂದ ಮನೆಗೆ ದಾಟುತ್ತಾ ಬಂದಿದೆ.

ಅದಕ್ಕೂ ಮೂರು ವರ್ಷ ಮೊದಲು, 1999ರಲ್ಲಿ ಬಂದ ‘ಗೋಲ್ಡ್’, ‘ಸಿಲ್ವರ್’ ಕಾರ್ಟ್ರಿಜ್‌ಗಳಲ್ಲಿ ಹಿಡಿದ ಪೊಕೆಮಾನ್‌ಗೆ ಈ ಭಾಗ್ಯವಿಲ್ಲ. ಅದು ಇದ್ದಲ್ಲೇ ಇರಬೇಕು, ಕಾರ್ಟ್ರಿಜ್ ಕೆಟ್ಟ ದಿನ ಅದರ ಜೊತೆಗೇ ಹೋಗಬೇಕು. ಮೂರೇ ವರ್ಷದ ಅಂತರದಲ್ಲಿ ಒಂದಕ್ಕೆ ದೀರ್ಘಾಯುಷ್ಯ, ಇನ್ನೊಂದಕ್ಕೆ ಸೆರೆವಾಸ. ಇದು ಹೇಗಾಯಿತು ಎಂಬುದು ಪೊಕೆಮಾನ್ ಎಂದರೆ ಹಳದಿ ಬಣ್ಣದ ಪಿಕಾಚು ಅಷ್ಟೇ ಎಂದು ತಿಳಿದವರೂ ಕೇಳಬಹುದಾದ ಕಥೆ.

ಈ ಆಟದ ಜನಕ ಸತೋಷಿ ತಾಜಿರಿ ಟೋಕಿಯೊ ಹೊರವಲಯದ ಮಾಚಿದಾದಲ್ಲಿ ಹುಳಹುಪ್ಪಟೆ ಹಿಡಿಯುತ್ತಾ ಬೆಳೆದವರು. ಗದ್ದೆ, ಹೊಂಡಗಳೆಲ್ಲ ಕಟ್ಟಡಗಳ ಅಡಿ ಸೇರಿದ ಮೇಲೆ ಆ ಸುಖ ಮುಂದಿನ ಮಕ್ಕಳಿಗೆ ಇಲ್ಲವಾಯಿತಲ್ಲ ಎಂಬ ಕೊರಗು ಅವರಿಗಿತ್ತು. ಎರಡು ಗೇಮ್ ಬಾಯ್‌ಗಳನ್ನು ಜೋಡಿಸುವ ಲಿಂಕ್ ಕೇಬಲ್ ಕಂಡಾಗ, ಆ ತಂತಿಯ ಮೂಲಕ ಹುಳಗಳು ಅತ್ತಿಂದಿತ್ತ ಹರಿದಾಡುವ ದೃಶ್ಯ ಅವರ ಕಣ್ಣಿಗೆ ಕಟ್ಟಿತಂತೆ. ಅದರ ಫಲವಾಗಿ 1996ರ ಫೆಬ್ರವರಿ 27ರಂದು ‘ರೆಡ್’ ಮತ್ತು ‘ಗ್ರೀನ್’ ಬಂದವು. ಒಂದೇ ಆಟವನ್ನು ಎರಡು ಬಣ್ಣದಲ್ಲಿ ಮಾರಿದ್ದರಲ್ಲಿ ವ್ಯಾಪಾರದ ಜಾಣತನ ಇಲ್ಲದೇ ಇಲ್ಲ. ಆದರೆ ಕೆಲವು ಜೀವಿಗಳು ಒಂದರಲ್ಲಿ ಮಾತ್ರ, ಇನ್ನು ಕೆಲವು ಮತ್ತೊಂದರಲ್ಲಿ ಮಾತ್ರ ಸಿಗುವುದರಿಂದ, 150 ಜೀವಿಗಳನ್ನು ಕೂಡಿಹಾಕಬೇಕೆಂದರೆ ಪಕ್ಕದ ಮನೆಯ ಹುಡುಗನ ಜೊತೆ ದೋಸ್ತಿ ಇರಲೇಬೇಕಿತ್ತು. ಕಡಾಬ್ರಾ, ಹಾಂಟರ್ ಸೇರಿದಂತೆ ನಾಲ್ಕು ಜೀವಿಗಳಂತೂ ಕೈ ಬದಲಾದಾಗಲೇ ಮುಂದಿನ ರೂಪ ತಾಳುತ್ತವೆ. ಅಂದರೆ ಈ ಆಟದಲ್ಲಿ ದಾಟಿಸುವುದು ಆಮೇಲೆ ಸೇರಿಸಿದ ಸೌಲಭ್ಯವಲ್ಲ, ಆಟದ ಮೂಲವೇ ಅದು.

ಗೋಲ್ಡ್ ಮತ್ತು ಸಿಲ್ವರ್ ಬಂದಾಗ ಹಳೆಯ ಆಟದ ಜೊತೆ ಕೊಡುಕೊಳ್ಳುವುದಕ್ಕೆ ‘ಟೈಮ್ ಕ್ಯಾಪ್ಸೂಲ್’ ಎಂಬ ವ್ಯವಸ್ಥೆ ಮಾಡಿದರು. ಹಳೆಯದರಿಂದ ಹೊಸದಕ್ಕೂ ತರಬಹುದಿತ್ತು, ಹೊಸದರಿಂದ ಹಳೆಯದಕ್ಕೂ ಕಳಿಸಬಹುದಿತ್ತು. ಷರತ್ತು ಇಷ್ಟೇ: ಹಳೆಯ ಆಟಕ್ಕೆ ಗೊತ್ತಿಲ್ಲದ ಜೀವಿಯಾಗಲೀ ಗೊತ್ತಿಲ್ಲದ ಪಟ್ಟಾಗಲೀ ನಿಮ್ಮ ತಂಡದಲ್ಲಿ ಇರಕೂಡದು. ಹಾಗೆ ದಾಟುವಾಗ ಒಂದು ತಮಾಷೆ ನಡೆಯುತ್ತಿತ್ತು. ಹಳೆಯ ಆಟದಲ್ಲಿ ಪ್ರತಿ ಪೊಕೆಮಾನ್‌ನ ದಾಖಲೆಯಲ್ಲೂ ‘ಇದನ್ನು ಹಿಡಿಯುವುದು ಎಷ್ಟು ಕಷ್ಟ’ ಎಂದು ಹೇಳುವ ಒಂದು ಬೈಟ್ ಇತ್ತು. ಹಿಡಿದಾದ ಮೇಲೆ ಅದಕ್ಕೆ ಕೆಲಸವಿಲ್ಲ. ಹೊಸ ಆಟ ಅದೇ ಜಾಗವನ್ನು ‘ಇದರ ಕೈಯಲ್ಲಿರುವ ವಸ್ತು’ ಎಂದು ಓದಿಕೊಳ್ಳುತ್ತದೆ. ಹಾಗಾಗಿ ಬರಿಗೈಯಲ್ಲಿ ಹೊರಟ ಪ್ರಾಣಿ ಆ ಕಡೆ ತಲುಪುವಷ್ಟರಲ್ಲಿ ಏನನ್ನೋ ಹಿಡಿದುಕೊಂಡಿರುತ್ತಿತ್ತು. ಹಳೆಯ ಆಟಗಳಲ್ಲೊಂದಾದ ‘ಯೆಲ್ಲೋ’ದಲ್ಲಿ ಮೊದಲು ಸಿಗುವ ಪಿಕಾಚು ದಾಟಿ ಬಂದರೆ ಅದರ ಕೈಯಲ್ಲಿ ಲೈಟ್ ಬಾಲ್. ಪಿಕಾಚುವಿನ ಬಲ ಹೆಚ್ಚಿಸುವ ವಸ್ತುವೇ ಅದು! ಆ ಬೈಟ್‌ಗೆ ಸರಿಯಾದ ಸಂಖ್ಯೆಯನ್ನು ಯಾರೋ ಮುಂದಾಲೋಚಿಸಿಯೇ ತುಂಬಿಟ್ಟಿದ್ದರು ಎಂಬುದರಲ್ಲಿ ನನಗೆ ಅನುಮಾನವಿಲ್ಲ.

ಇನ್ನೂ ಒಂದಿದೆ. ಹೊಸ ಆಟದಲ್ಲಿ ಅಪರೂಪಕ್ಕೆ, 8192ರಲ್ಲಿ ಒಂದರಂತೆ, ಬೇರೆ ಬಣ್ಣದಲ್ಲಿ ಹೊಳೆಯುವ ಪೊಕೆಮಾನ್‌ಗಳಿರುತ್ತಿದ್ದವು. ಅದನ್ನು ನಿರ್ಧರಿಸುತ್ತಿದ್ದದ್ದು ಹುಟ್ಟುಬಲದ ಅಂಕಿಗಳು, ಅವು ಹಳೆಯ ಆಟದಲ್ಲೂ ಇದ್ದವು. ಹೀಗಾಗಿ ವರ್ಷಗಟ್ಟಲೆ ಮಾಮೂಲಿ ಎಂದುಕೊಂಡಿದ್ದ ಜೀವಿ ದಾಟಿದ ಮೇಲೆ ಬಣ್ಣ ಬದಲಿಸಿಕೊಂಡು ನಿಲ್ಲುವ ಸಾಧ್ಯತೆಯಿತ್ತು.

2002ರಲ್ಲಿ ಈ ಸೇತುವೆ ಕಡಿದುಬಿತ್ತು. ಕಾರಣ ಜಿಪುಣತನವಲ್ಲ, ಲೆಕ್ಕ. ಗೋಲ್ಡ್-ಸಿಲ್ವರ್ ಕಾಲದಲ್ಲಿ ಪೆಟ್ಟಿಗೆಯಲ್ಲಿಟ್ಟ ಒಂದು ಪೊಕೆಮಾನ್‌ನ ದಾಖಲೆಗೆ, ಹೆಸರು ಬಿಟ್ಟು, 32 ಬೈಟ್ ಸಾಕಿತ್ತು. ರೂಬಿ-ಸಫೈರ್‌ನಲ್ಲಿ ಅದು, ಹೆಸರೂ ಸೇರಿ, 80 ಬೈಟ್‌ಗೆ ಏರಿತು. ಹುಟ್ಟುಬಲದ ಅಂಕಿ ಸೊನ್ನೆಯಿಂದ 15ರವರೆಗೆ ಇದ್ದದ್ದು 31ರವರೆಗೆ ಹೋಯಿತು. 25 ಬಗೆಯ ಸ್ವಭಾವಗಳು ಬಂದವು, ವಿಶೇಷ ಸಾಮರ್ಥ್ಯಗಳು ಬಂದವು, ಪ್ರತಿ ಜೀವಿಗೂ ಒಂದೊಂದು ಉದ್ದನೆಯ ಗುರುತಿನ ಸಂಖ್ಯೆ ಬಂತು. ಹಳೆಯ ನುಡಿ ಅಕ್ಷರದಲ್ಲಿ ಟೈಪ್ ಮಾಡಿಟ್ಟ ಕಡತವನ್ನು ಯೂನಿಕೋಡ್ ಯಂತ್ರದಲ್ಲಿ ತೆರೆದು ಬೆಚ್ಚಿಬಿದ್ದವರಿಗೆ ಇದನ್ನು ಹೆಚ್ಚು ವಿವರಿಸಬೇಕಿಲ್ಲ. ಪರಿವರ್ತಕ ಬರೆಯದಿದ್ದರೆ ಹಳೆಯದು ಹೊಸದಕ್ಕೆ ಅರ್ಥವಾಗುವುದಿಲ್ಲ. ಅದನ್ನು ಆಗ ಯಾರೂ ಬರೆಯಲಿಲ್ಲ. ಸಿಗದೇ ಹೋದ ಹಳೆಯ ಜೀವಿಗಳನ್ನು 2004ರ ‘ಫೈರ್‌ರೆಡ್’, ‘ಲೀಫ್‌ಗ್ರೀನ್’ನಂಥ ಆಟಗಳಲ್ಲಿ ಹೊಸದಾಗಿ ಹಿಡಿದುಕೊಳ್ಳಬೇಕಾಯಿತು.

ಹಳೆಯ ಕಾರ್ಟ್ರಿಜ್‌ಗಳಲ್ಲೇ ಉಳಿದವುಗಳ ಪಾಡು ಬ್ಯಾಟರಿಯ ಕೈಯಲ್ಲಿತ್ತು. ಆ ಕಾಲದ ಕಾರ್ಟ್ರಿಜ್‌ಗಳು ಆಟದ ನೆನಪನ್ನು ಉಳಿಸಿಕೊಳ್ಳುತ್ತಿದ್ದದ್ದು ಒಳಗೆ ಬೆಸುಗೆ ಹಾಕಿದ ಕೈಗಡಿಯಾರದ ಸೆಲ್ಲಿನಂಥ ಒಂದು ಗುಂಡಿ ಸೆಲ್ಲಿನಿಂದ. ಸೆಲ್ ಸತ್ತರೆ ನೆನಪೂ ಅಳಿಸಿಹೋಗುತ್ತದೆ. ಗೋಲ್ಡ್, ಸಿಲ್ವರ್‌ಗಳಲ್ಲಿ ಹಗಲು ರಾತ್ರಿ ತೋರಿಸುವ ಗಡಿಯಾರವನ್ನೂ ಅದೇ ಸೆಲ್ ಓಡಿಸಬೇಕಾಗಿದ್ದರಿಂದ ಅವು ಬೇಗ ಕಣ್ಣು ಮುಚ್ಚಿದವು. ರೂಬಿ, ಸಫೈರ್ ಕಾರ್ಟ್ರಿಜ್‌ಗಳಲ್ಲೂ ಸೆಲ್ ಇದೆ, ಅದೂ ಬತ್ತುತ್ತದೆ, ಆಟ ಶುರುವಾಗುವಾಗ ಹಾಗೆಂದು ಎಚ್ಚರಿಕೆಯೂ ಬರುತ್ತದೆ. ಆದರೆ ಅಲ್ಲಿ ಸೆಲ್ ಬೇಕಿರುವುದು ಗಡಿಯಾರಕ್ಕೆ ಮಾತ್ರ. ಪೊಕೆಮಾನ್‌ಗಳು ಕರೆಂಟು ಬೇಡದ ಫ್ಲಾಶ್ ಮೆಮೊರಿಯಲ್ಲಿ ಸುಖವಾಗಿರುತ್ತವೆ. ಈ ಒಂದು ಬದಲಾವಣೆಯಿಂದಲೇ ಇಪ್ಪತ್ತು ವರ್ಷ ಅಟ್ಟದ ಮೇಲೆ ಬಿದ್ದಿದ್ದ ಕಾರ್ಟ್ರಿಜ್ಜೂ ಇವತ್ತು ಉಪಯೋಗಕ್ಕೆ ಬರುತ್ತದೆ.

2006ರ ‘ಡೈಮಂಡ್’, ‘ಪರ್ಲ್’ ಆಟಗಳಿಂದ ಏಕಮುಖ ಸಂಚಾರ ಶುರುವಾಯಿತು. ನಿಂಟೆಂಡೊ ಡಿಎಸ್‌ನ ಕೆಳಬದಿಯಲ್ಲಿ ಗೇಮ್ ಬಾಯ್ ಅಡ್ವಾನ್ಸ್ ಕಾರ್ಟ್ರಿಜ್‌ಗೂ ಒಂದು ಕಿಂಡಿ ಇತ್ತು. ಹಳೆಯದನ್ನು ಅಲ್ಲಿ, ಹೊಸದನ್ನು ಮೇಲೆ ಸಿಕ್ಕಿಸಿ, ಒಂದು ಸಲಕ್ಕೆ ಆರು ಪೊಕೆಮಾನ್‌ಗಳನ್ನು ಆರಿಸಬೇಕು. ‘ಮತ್ತೆ ಮರಳುವುದಿಲ್ಲ, ಆಗಬಹುದೇ?’ ಎಂದು ಯಂತ್ರ ಕೇಳುತ್ತದೆ. ಹೂಂ ಎಂದರೆ ಅವು ಹಳೆಯ ಕಾರ್ಟ್ರಿಜ್‌ನಿಂದ ಶಾಶ್ವತವಾಗಿ ಮಾಯ. ಆಮೇಲೆ ‘ಪಾಲ್ ಪಾರ್ಕ್’ ಎಂಬ ಉದ್ಯಾನಕ್ಕೆ ಹೋಗಿ ಹುಲ್ಲು, ನೀರು, ಗುಡ್ಡಗಳಲ್ಲಿ ಅಡಗಿರುವ ನಿಮ್ಮದೇ ಆರು ಪ್ರಾಣಿಗಳನ್ನು ಇನ್ನೊಮ್ಮೆ ಹಿಡಿಯಬೇಕು. 2010ರ ‘ಬ್ಲ್ಯಾಕ್’, ‘ವೈಟ್’ನಲ್ಲಿ ಇದೇ ಕೆಲಸಕ್ಕೆ ಎರಡು ಡಿಎಸ್ ಬೇಕಾಯಿತು. ಪೊದೆಯಿಂದ ಇಣುಕುವ ಪೊಕೆಮಾನ್ ಮೇಲೆ ಗುರಿಯಿಟ್ಟು ಚೆಂಡು ಹಾರಿಸಬೇಕು. ಇದೆಲ್ಲ ಬೇಕಿತ್ತೇ ಎಂದು ಗೊಣಗಿದವರಿದ್ದರು. ನನಗೆ ಮಾತ್ರ ಈ ಶ್ರಮ ಹಿಡಿಸುತ್ತದೆ. ಕಡತ ನಕಲು ಮಾಡುವ ಒಣ ಕೆಲಸವನ್ನು ಇವರು ಆಟವಾಗಿಸಿದರು.

2013ರಲ್ಲಿ ಆಟ 3ಡಿಎಸ್‌ಗೆ ಬಂತು, ಪಾರ್ಕಿನ ಬದಲು ‘ಪೊಕೆಮಾನ್ ಬ್ಯಾಂಕ್’ ಬಂತು. ಕಂಪನಿಯ ಸರ್ವರ್‌ನಲ್ಲಿ 3000 ಪೊಕೆಮಾನ್‌ಗಳಿಗೆ ಜಾಗ, ವರ್ಷಕ್ಕೆ ಬಾಡಿಗೆ. ಡಿಸೆಂಬರ್ 25ರಂದು ಜಪಾನಿನಲ್ಲಿ ಬಾಗಿಲು ತೆರೆದದ್ದೇ ತಡ ನೂಕುನುಗ್ಗಲಾಗಿ ಸೇವೆಯನ್ನೇ ನಿಲ್ಲಿಸಬೇಕಾಯಿತು. ಹೊರದೇಶಗಳಿಗೆ ಅದು ಸಿಕ್ಕಿದ್ದು ಮರುವರ್ಷ ಫೆಬ್ರವರಿಯಲ್ಲಿ. ಅಲ್ಲಿಗೆ ಒಂದು ದೊಡ್ಡ ಬದಲಾವಣೆ ಸದ್ದಿಲ್ಲದೆ ಆಗಿಹೋಯಿತು. ಅಲ್ಲಿಯವರೆಗೆ ದಾಟಿಸುವ ಕೆಲಸ ನನ್ನ ಯಂತ್ರ, ನಿನ್ನ ಯಂತ್ರ, ನಡುವೆ ಒಂದು ತಂತಿ ಅಥವಾ ಅಲೆ, ಇಷ್ಟರಲ್ಲೇ ಮುಗಿಯುತ್ತಿತ್ತು. ಯಾರ ಅಪ್ಪಣೆಯೂ ಬೇಕಿರಲಿಲ್ಲ. ಈಗ ನಡುವೆ ಮೂರನೆಯವರು ಬಂದು ಕುಳಿತರು.

ಹಾಗೆಂದು ಅವರನ್ನು ಬರೀ ಬೈದರೆ ಅನ್ಯಾಯವಾದೀತು. 1996ರ ಆಟಗಳನ್ನು 2016ರಲ್ಲಿ 3ಡಿಎಸ್‌ಗೆ ಮತ್ತೆ ತಂದ ಮೇಲೆ, ಅಂದು ಬರೆಯದೇ ಬಿಟ್ಟ ಪರಿವರ್ತಕವನ್ನು ಕೊನೆಗೂ ಬರೆದರು. ಹಳೆಯ ಪ್ಲಾಸ್ಟಿಕ್ ಕಾರ್ಟ್ರಿಜ್‌ಗೆ ಅದು ಉಪಯೋಗವಿಲ್ಲ, ಮರುಬಿಡುಗಡೆಯ ಆಟಕ್ಕೆ ಮಾತ್ರ. ಸ್ವಭಾವವೇ ಇರದಿದ್ದ ಕಾಲದ ಜೀವಿಗೆ ಯಾವ ಸ್ವಭಾವ ಕೊಡುವುದು? ಅದು ಗಳಿಸಿದ ಅನುಭವದ ಅಂಕವನ್ನು 25ರಿಂದ ಭಾಗಿಸಿ, ಉಳಿದ ಶೇಷದಂತೆ ಸ್ವಭಾವ ನಿರ್ಧಾರ. ಆಟಗಾರರು ಬಿಡುತ್ತಾರೆಯೇ? ಬೇಕಾದ ಶೇಷ ಬರುವವರೆಗೆ ಕಾದಾಡಿಸಿ ಆಮೇಲೆ ದಾಟಿಸಿದರು.

ದಾಟುವಾಗ ಕಳೆದುಹೋಗುವುದೂ ಇದೆ. ರೂಬಿ ಕಾಲದ ಸೌಂದರ್ಯ ಸ್ಪರ್ಧೆಗಳಲ್ಲಿ ಒಂದೊಂದಾಗಿ ಗೆದ್ದ ರಿಬ್ಬನ್‌ಗಳನ್ನೆಲ್ಲ 3ಡಿಎಸ್ ಒಂದೇ ನೆನಪಿನ ರಿಬ್ಬನ್ ಆಗಿಸಿ ಪಕ್ಕದಲ್ಲಿ ಸಂಖ್ಯೆ ಬರೆದುಬಿಟ್ಟಿತು. ಸ್ಪಿಂಡಾ ಎಂಬ ಪಾಂಡಾದಂಥ ಜೀವಿಯ ಕಥೆ ಇನ್ನೂ ವಿಚಿತ್ರ. ಅದರ ಮುಖದ ಕೆಂಪು ಚುಕ್ಕೆಗಳು ಎಲ್ಲಿರಬೇಕೆಂಬುದನ್ನು ಅದರ 32 ಬಿಟ್‌ಗಳ ಗುರುತಿನ ಸಂಖ್ಯೆ ತೀರ್ಮಾನಿಸುತ್ತದೆ. ಅಂದರೆ 429 ಕೋಟಿಗೂ ಹೆಚ್ಚು ಸಾಧ್ಯತೆಗಳು. 2021ರಲ್ಲಿ ಡೈಮಂಡ್ ಮತ್ತು ಪರ್ಲ್ ಆಟಗಳನ್ನು ಸ್ವಿಚ್‌ಗೆ ಹೊಸದಾಗಿ ಮಾಡಿದಾಗ ಆ ಸಂಖ್ಯೆಯ ಬೈಟ್‌ಗಳನ್ನು ಹಿಂದುಮುಂದಾಗಿ ಓದಿದ್ದಾರೆ ಎಂಬುದನ್ನು ಆಟದ ಒಳಗನ್ನು ಕೆದಕುವ ಅಭಿಮಾನಿಗಳು ಕಂಡುಕೊಂಡರು. ಚುಕ್ಕೆಗಳೆಲ್ಲ ಜಾಗ ಬದಲಿಸಿದ್ದವು. ಮರುವರ್ಷ ದಾಟುವ ವ್ಯವಸ್ಥೆ ಬಂದಾಗ ಆ ಆಟದ ಸ್ಪಿಂಡಾಗೆ ಪ್ರವೇಶವಿಲ್ಲ ಎಂದು ಫಲಕ ಹಾಕಬೇಕಾಯಿತು.

ದೊಡ್ಡ ಗಲಾಟೆ ಎದ್ದದ್ದು 2019ರಲ್ಲಿ. ‘ಸ್ವೋರ್ಡ್’, ‘ಶೀಲ್ಡ್’ ಆಟಗಳಿಗೆ ಎಲ್ಲ ಪೊಕೆಮಾನ್‌ಗಳೂ ಬರಲಾರವು ಎಂದು ನಿರ್ಮಾಪಕ ಜುನಿಚಿ ಮಸುದಾ ಆ ಜೂನ್‌ನಲ್ಲಿ ಹೇಳಿದರು. ಎಂಟುನೂರು ದಾಟಿದ್ದ ಬಗೆಗಳಲ್ಲಿ ಮೊದಲಿಗೆ ಜಾಗ ಸಿಕ್ಕಿದ್ದು 400ಕ್ಕೆ. ಉಳಿದವುಗಳಿಗೆ 2020ರ ಫೆಬ್ರವರಿಯಲ್ಲಿ ‘ಪೊಕೆಮಾನ್ ಹೋಮ್’ ಎಂಬ ಹೊಸ ಉಗ್ರಾಣ ತೆರೆದರು. ಹೆಸರೇನೋ ಮನೆ, ಆದರೆ ಅಲ್ಲಿ ಆಟವಿಲ್ಲ. ತಮ್ಮನ್ನು ಸೇರಿಸಿಕೊಳ್ಳುವ ಮುಂದಿನ ಆಟ ಬರುವವರೆಗೆ ಅವು ಸಾಲಾಗಿ ಕೂತಿರಬೇಕು. ಎಲ್ಲವನ್ನೂ ಹಿಡಿಯಿರಿ ಎಂದು ಎರಡು ದಶಕ ಕೂಗಿದವರು ಎಲ್ಲಕ್ಕೂ ಜಾಗ ಮಾಡಬೇಕಿತ್ತು ಎಂಬ ಅಭಿಮಾನಿಗಳ ಸಿಟ್ಟು ನ್ಯಾಯವಾದದ್ದೇ.

ನಮ್ಮಲ್ಲಿ ಹೆಚ್ಚಿನವರಿಗೆ ಪೊಕೆಮಾನ್ ಬಂದದ್ದು ಗೇಮ್ ಬಾಯ್‌ನಿಂದಲ್ಲ, ಕಾರ್ಟೂನ್ ನೆಟ್‌ವರ್ಕ್‌ನಿಂದ, ಆಮೇಲೆ ಮೊಬೈಲ್‌ನಿಂದ. ‘ಪೊಕೆಮಾನ್ ಗೋ’ 2016ರ ಡಿಸೆಂಬರ್‌ನಲ್ಲಿ ಜಿಯೊ ಜೊತೆಗೂಡಿ ಅಧಿಕೃತವಾಗಿ ಭಾರತಕ್ಕೆ ಬಂತು. 2020ರ ನವೆಂಬರ್‌ನಿಂದ ಅದರಲ್ಲಿ ಹಿಡಿದವನ್ನೂ ಹೋಮ್‌ಗೆ ಕಳಿಸಬಹುದು. ಕಬ್ಬನ್ ಪಾರ್ಕಿನಲ್ಲಿ ನಡೆದಾಡುತ್ತಾ ಹಿಡಿದ ಪ್ರಾಣಿ ಜಪಾನಿನ 2002ರ ಪ್ರಾಣಿಯ ಪಕ್ಕದ ಕೋಣೆಯಲ್ಲಿ ಕೂರಬಹುದು. ಇದೂ ಏಕಮುಖವೇ, ಹೋದದ್ದು ಫೋನ್‌ಗೆ ವಾಪಸ್ ಬರುವುದಿಲ್ಲ.

ಈಗ ವಿಷಯಕ್ಕೆ ಬರೋಣ. ರೂಬಿಯ ಪೊಕೆಮಾನ್ ಇವತ್ತಿನ ಸ್ವಿಚ್ ತಲುಪಬೇಕೆಂದರೆ ಅಸಲಿ ಕಾರ್ಟ್ರಿಜ್ ಬೇಕು. ಬಜಾರಿನ ನಕಲಿ ಕಾರ್ಟ್ರಿಜ್‌ಗಳನ್ನು ಡಿಎಸ್ ಅನೇಕ ಸಲ ಒಪ್ಪುವುದೇ ಇಲ್ಲ. ಎರಡು ಕಿಂಡಿಗಳ ಹಳೆಯ ಡಿಎಸ್, ಡೈಮಂಡ್ ಕಾಲದ ಆಟ, ಇನ್ನೊಂದು ಡಿಎಸ್, ಬ್ಲ್ಯಾಕ್ ಅಥವಾ ವೈಟ್, ಆಮೇಲೆ 3ಡಿಎಸ್, ಅದರಲ್ಲಿ ಬ್ಯಾಂಕ್ ಮತ್ತು ಅದರ ಜೊತೆಗಾರ ‘ಪೊಕೆ ಟ್ರಾನ್ಸ್‌ಪೋರ್ಟರ್’, ಕೊನೆಗೆ ಹೋಮ್‌ನ ಹಣ ಕಟ್ಟುವ ಚಂದಾ. ಇಷ್ಟರಲ್ಲಿ ಒಂದು ತಪ್ಪಿದರೂ ದಾರಿ ಮುಚ್ಚಿದಂತೆ. 2023ರ ಮಾರ್ಚ್‌ 27ರಂದು 3ಡಿಎಸ್‌ನ ಅಂಗಡಿ ಮುಚ್ಚಿತು. ಬ್ಯಾಂಕ್ ಅನ್ನು ಮೊದಲೇ ಇಳಿಸಿಕೊಳ್ಳದಿದ್ದವರಿಗೆ ಈಗ ಅದು ಹೊಸದಾಗಿ ಸಿಗುವುದಿಲ್ಲ. 2024ರ ಏಪ್ರಿಲ್‌ನಲ್ಲಿ 3ಡಿಎಸ್‌ನ ಆನ್‌ಲೈನ್ ಆಟಗಳೂ ನಿಂತವು. ಬ್ಯಾಂಕ್ ಒಂದನ್ನು ಉಳಿಸಿಕೊಂಡು ಬಾಡಿಗೆ ಮನ್ನಾ ಮಾಡಿದ್ದಾರೆ, ಆದರೆ ಮುಂದೊಂದು ದಿನ ಇದೂ ನಿಲ್ಲಬಹುದೆಂದು ಕಂಪನಿಯೇ ಹೇಳಿದೆ. ನಿಲ್ಲುವ ದಿನ 2002ರಿಂದ ನಡೆದುಬಂದ ದಾರಿ ನಡುವೆಯೇ ತುಂಡಾಗುತ್ತದೆ. ಅಟ್ಟದಲ್ಲೋ ಬೀರುವಿನಲ್ಲೋ ಹಳೆಯ ಕಾರ್ಟ್ರಿಜ್ ಇಟ್ಟುಕೊಂಡವರು, ಸ್ನೇಹಿತರ ಬಳಿ ಬ್ಯಾಂಕ್ ಇರುವ 3ಡಿಎಸ್ ಇದ್ದರೆ ಒಂದು ಭಾನುವಾರ ಕಡ ಕೇಳಿ ತಂದು, ಉಳಿಸಬೇಕಾದವುಗಳನ್ನು ಮುಂದಿನ ರಜೆಗೆಂದು ಕಾಯದೆ ದಾಟಿಸಿಬಿಡಿ.